ಒಳದಾರಿಯೂ ಅಡ್ಡದಾರಿಯೂ

ಕನ್ನಡದಲ್ಲಿ ದಾರಿಯನ್ನು ಕುರಿತ ಮಾತುಗಳು ಹಲವು. ಎಲ್ಲರೂ ನಡೆಯುವುದು ಹೆದ್ದಾರಿ. ಗದ್ದೆಯ ಬದುವಿನ ಮೇಲೆ, ತೋಟದ ಬೇಲಿಯ ಪಕ್ಕದಲ್ಲಿ, ಬಳಸು ತಪ್ಪಿಸಿ ಹೋಗುವುದು ಒಳದಾರಿ. ನಡೆಯಬಾರದ ಕಡೆ ನಡೆದು, ಇನ್ನೊಬ್ಬರ ಪಾಲನ್ನು ಕಬಳಿಸಿ ಗುರಿ ಮುಟ್ಟುವುದು ಅಡ್ಡದಾರಿ. ಒಳದಾರಿಯಲ್ಲಿ ಶಾಲೆಗೆ ಬಂದ ಹುಡುಗನನ್ನು ಯಾವ ಮೇಷ್ಟರೂ ಕಳ್ಳನೆಂದು ಕರೆದದ್ದನ್ನು ನಾನು ಕೇಳಿಲ್ಲ. ಅಡ್ಡದಾರಿ ಹಿಡಿದವನನ್ನಾದರೋ ಊರು ಬೇರೆಯೇ ಕಣ್ಣಿನಿಂದ ನೋಡುತ್ತದೆ. ಇವೆರಡರ ನಡುವಣ ಅಂತರವನ್ನು ಕುರಿತು ಬರೆಯಬೇಕೆನ್ನಿಸಿದ್ದು ನನಗೆ ಮೊನ್ನೆಮೊನ್ನೆಯವರೆಗೆ ಪರಿಚಯವೇ ಇಲ್ಲದಿದ್ದ ಒಂದು ವಿಷಯದಿಂದ. ಹಳೆಯ ವಿಡಿಯೋ ಆಟಗಳಲ್ಲಿ ಬಳಸುವ ‘ಚೀಟ್ ಕೋಡ್’ ಎಂಬ ಗುಪ್ತಸಂಕೇತಗಳೇ ಆ ವಿಷಯ.

ನನ್ನ ಹಳೆಯ ವಿದ್ಯಾರ್ಥಿಯೊಬ್ಬ 1998ರಲ್ಲಿ ಸಾಫ್ಟ್‌ವೇರ್ ಕೆಲಸಕ್ಕೆಂದು ಅಮೆರಿಕಕ್ಕೆ ಹೋದವನು ಅಲ್ಲಿಯೇ ನೆಲೆಸಿದ್ದಾನೆ. ಹೆಸರು ಬೇಡ, ಅವನ ತರಗತಿಯವರು ಊಹಿಸಿಕೊಳ್ಳಬಲ್ಲರು. ಈಚೆಗೆ ಅವನಿಂದ ಒಂದು ದೀರ್ಘವಾದ ಮಿಂಚಂಚೆ ಬಂದಿತು. ಅವನು ಮದುವೆಗೆ ಮುಂಚೆ ಒಂಟಿಯಾಗಿದ್ದಾಗ ಕೊಂಡಿದ್ದ ಸೋನಿ ಕಂಪನಿಯ ‘ಪ್ಲೇಸ್ಟೇಷನ್’ ಯಂತ್ರವನ್ನು ಅವನ ಹದಿಮೂರು ವರ್ಷದ ಮಗ ನೆಲಮಾಳಿಗೆಯ ಪೆಟ್ಟಿಗೆಯಿಂದ ಹೊರತೆಗೆದನಂತೆ. ಅದರ ಜೊತೆಯಲ್ಲೇ ಹಿಂದೆ ಯಾರದೋ ಮನೆಯ ಹಳೆಯ ಸಾಮಾನಿನ ಮಾರಾಟದಲ್ಲಿ ಕೊಂಡು ಎಂದೂ ಬಳಸದೆ ಬಿಟ್ಟಿದ್ದ ‘ಗೇಮ್‌ಶಾರ್ಕ್’ ಎಂಬ ಸಾಧನವೂ ಇತ್ತು. ತಂದೆ ಕೆಲಸ ಮುಗಿಸಿ ಬಂದ ಮೇಲೆ ರಾತ್ರಿಗಳಲ್ಲಿ ಕುಳಿತು, ಸುಮಾರು ಅರವತ್ತು ಗಂಟೆ ವ್ಯಯಿಸಿ ಮುಗಿಸಿದ್ದ ಆಟದ ಬಹುಪಾಲನ್ನು ಮಗ ಆ ಸಾಧನ ಸಿಕ್ಕಿಸಿಕೊಂಡು ಎರಡು ದಿನಗಳಲ್ಲಿ ದಾಟಿಬಿಟ್ಟ. “ಮೇಷ್ಟ್ರೇ, ನೀವು ನಮಗೆ ಕಾಪಿ ಹೊಡೆಯಬಾರದು ಅಂತ ಕಲಿಸಿದ್ರಿ. ಇವನು ಆಟದಲ್ಲೇ ಕಾಪಿ ಹೊಡೀತಿದ್ದಾನೆ. ಸತ್ತವಳನ್ನೂ ಬದುಕಿಸಿಕೊಂಡಿದ್ದಾನೆ. ಯಂತ್ರವನ್ನು ಎತ್ತಿಟ್ಟುಬಿಟ್ಟೆ. ಮೂರು ವಾರದಿಂದ ನನ್ನ ಜೊತೆ ಸರಿಯಾಗಿ ಮಾತಾಡ್ತಿಲ್ಲ. ನಾನು ಮಾಡಿದ್ದು ಸರಿ ತಾನೆ?” ಎಂಬುದು ಅವನ ಪ್ರಶ್ನೆ.

ಗಣಿತದ ಮೇಷ್ಟರಿಗೆ ದತ್ತಾಂಶವಿಲ್ಲದೆ ತೀರ್ಪು ಕೊಡುವ ಅಭ್ಯಾಸವಿಲ್ಲ. ಆದ್ದರಿಂದ ಅವನಿಗೆ ಸ್ವಲ್ಪ ಕಾಲಾವಕಾಶ ಬೇಕೆಂದು ಬರೆದು, ಈ ಆಟಗಳೆಂದರೇನು, ಈ ಸಾಧನಗಳು ಹೇಗೆ ಕೆಲಸ ಮಾಡುತ್ತವೆ ಎಂಬುದನ್ನು ಓದಿ, ಬಲ್ಲವರನ್ನು ಕೇಳಿ ತಿಳಿದುಕೊಂಡೆ. ತಿಳಿದದ್ದು ನನಗೇ ಆಶ್ಚರ್ಯವನ್ನೂ ಸಂತೋಷವನ್ನೂ ಉಂಟುಮಾಡಿತು.

ಈ ಆಟಗಳನ್ನು ಅರಿಯದ ನನ್ನ ಬಂಧುಗಳಿಗಾಗಿ ಮೊದಲು ಒಂದು ಪರಿಚಯ. ವಿಡಿಯೋ ಆಟಗಳಲ್ಲಿ ‘ರೋಲ್ ಪ್ಲೇಯಿಂಗ್ ಗೇಮ್’ ಎಂದರೆ ಒಂದು ಪಾತ್ರವನ್ನು ವಹಿಸಿಕೊಂಡು ಒಂದು ದೀರ್ಘ ಕಥೆಯೊಳಗೆ ಸಂಚರಿಸುವ ಆಟ. ಜಪಾನಿನಲ್ಲಿ ಈ ಬಗೆಯನ್ನು ಮನೆಮನೆಗೆ ಮುಟ್ಟಿಸಿದ್ದು 1986ರಲ್ಲಿ ಹೊರಬಂದ ‘ಡ್ರ್ಯಾಗನ್ ಕ್ವೆಸ್ಟ್’. ಅದನ್ನು ರೂಪಿಸಿದವನು ಯೂಜಿ ಹೋರಿ. ಇತರ ಆಟಗಳಲ್ಲಿ ಗೆಲ್ಲಲು ಬೆರಳಿನ ಚುರುಕು ಬೇಕು. ಇಲ್ಲಿ ಬೇಕಾದದ್ದು ತಾಳ್ಮೆ. ನಾಯಕ ಮೊದಲು ದುರ್ಬಲನಾಗಿರುತ್ತಾನೆ. ಬಯಲಿನಲ್ಲಿ ಎದುರಾಗುವ ಸಣ್ಣಪುಟ್ಟ ಪ್ರಾಣಿಗಳೊಡನೆ ಹೋರಾಡಿ ‘ಅನುಭವಾಂಕ’ಗಳನ್ನು ಕೂಡಿಹಾಕುತ್ತಾನೆ. ಆ ಮೊದಲ ಆಟದಲ್ಲಿ ಏಳು ಅಂಕ ಸೇರಿದರೆ ಎರಡನೆಯ ಹಂತ. ಕೊನೆಯ ಹಂತವಾದ ಮೂವತ್ತಕ್ಕೆ ಬೇಕಾದದ್ದು 65,535 ಅಂಕ. ಅತಿ ಸಣ್ಣ ಪ್ರಾಣಿಯನ್ನು ಗೆದ್ದರೆ ಸಿಗುವುದು ಒಂದೇ ಒಂದು ಅಂಕ. ಬೆರಳು ಚುರುಕಿಲ್ಲದವನೂ ಕುಳಿತು ದುಡಿದರೆ ಗೆಲ್ಲಬಹುದೆಂಬ ದಯೆ ಈ ಏರ್ಪಾಡಿನಲ್ಲಿದೆ. ಜೊತೆಗೆ ಒಂದು ಲೆಕ್ಕಾಚಾರವೂ ಇದೆ. ಆ ಇಡೀ ಆಟ ಅಡಗಿದ್ದುದು ಕೇವಲ 64 ಕಿಲೋಬೈಟ್‌ಗಳಲ್ಲಿ. ಇಂದು ಫೋನಿನಿಂದ ನಾವು ಕಳಿಸುವ ಒಂದು ಛಾಯಾಚಿತ್ರ ಅದಕ್ಕಿಂತ ಎಷ್ಟೋ ಪಾಲು ದೊಡ್ಡದು. ಅಷ್ಟು ಚಿಕ್ಕ ಪಾತ್ರೆಯಲ್ಲಿ ವಾರಗಟ್ಟಲೆ ಉಣ್ಣುವಷ್ಟು ಅನ್ನ ಇರಬೇಕೆಂದರೆ ಅದೇ ತುತ್ತನ್ನು ಮತ್ತೆಮತ್ತೆ ಅಗಿಯಬೇಕು. ಒಂದೇ ಹೋರಾಟವನ್ನು ನೂರಾರು ಬಾರಿ ಮಾಡಿಸುವುದರ ಹಿಂದೆ ಇದೂ ಒಂದು ಕಾರಣ.

ಜಪಾನಿನ ಆ ಮೊದಲ ಆಟದಲ್ಲಿ ಆಡಿದಷ್ಟನ್ನು ಯಂತ್ರದಲ್ಲಿ ಉಳಿಸಿಡುವ ಸೌಲಭ್ಯವಿರಲಿಲ್ಲ. ನಿಲ್ಲಿಸುವಾಗ ಪರದೆಯ ಮೇಲೆ ಇಪ್ಪತ್ತು ಅಕ್ಷರಗಳ ಒಂದು ‘ಪುನರುಜ್ಜೀವನ ಮಂತ್ರ’ ಕಾಣುತ್ತಿತ್ತು. ಮರುದಿನ ಅದನ್ನು ಬರೆದರೆ ಬಿಟ್ಟಲ್ಲಿಂದ ಆಟ ಮುಂದುವರಿಯುತ್ತಿತ್ತು. 1987ರಲ್ಲಿ ಬಂದ ಎರಡನೆಯ ಭಾಗದಲ್ಲಿ ಈ ಮಂತ್ರ 52 ಅಕ್ಷರಗಳವರೆಗೆ ಬೆಳೆಯಿತು. ಒಂದಕ್ಷರವನ್ನು ತಪ್ಪಾಗಿ ನಕಲು ಮಾಡಿಕೊಂಡರೂ ಅಷ್ಟು ದಿನದ ದುಡಿಮೆ ಮಣ್ಣುಪಾಲು. ಕಾಪಿ ಪುಸ್ತಕದಲ್ಲಿ ಅಕ್ಷರ ತಿದ್ದಿಸಿದ ನನಗೆ ಆ ಜಪಾನೀ ಮಕ್ಕಳ ಸಂಕಟ ಚೆನ್ನಾಗಿ ಅರ್ಥವಾಗುತ್ತದೆ. ಆದರೆ ಮಂತ್ರವೆಂದ ಮೇಲೆ ಅದನ್ನು ಪರೀಕ್ಷಿಸಿ ನೋಡುವ ಕುತೂಹಲಿಗಳೂ ಇರುತ್ತಾರಷ್ಟೆ. ಆಟದ ಕರ್ತೃಗಳಾದ ಯೂಜಿ ಹೋರಿ ಮತ್ತು ಚಿತ್ರಕಾರ ಅಕಿರಾ ತೊರಿಯಾಮ ಅವರ ಹೆಸರುಗಳು ಸೇರಿದ ಒಂದು ಮಂತ್ರವನ್ನು ಬರೆದರೆ ನಾಯಕ ಆಗಲೇ ಬಹಳ ಎತ್ತರದ ಹಂತವನ್ನು ಮುಟ್ಟಿರುತ್ತಿದ್ದ. ಅದು ಜಪಾನಿನಲ್ಲಿ ಬಾಯಿಂದ ಬಾಯಿಗೆ ಹರಡಿತು. ಒಳದಾರಿಯ ಇತಿಹಾಸ, ಹೀಗೆ, ಹೆದ್ದಾರಿಯ ಇತಿಹಾಸದಷ್ಟೇ ಹಳೆಯದು.

ಇನ್ನು ಕೆಲವು ಒಳದಾರಿಗಳನ್ನು ತೋಡಿದವರು ಆಟ ತಯಾರಿಸಿದವರೇ. ಕೊನಾಮಿ ಕಂಪನಿಯ ಕಜುಹಿಸಾ ಹಷಿಮೊಟೊ 1986ರಲ್ಲಿ ‘ಗ್ರೇಡಿಯಸ್’ ಎಂಬ ಆಟವನ್ನು ಮನೆಯ ಯಂತ್ರಕ್ಕೆ ಅಳವಡಿಸುತ್ತಿದ್ದಾಗ, ಅದು ತನಗೇ ಆಡಲಾಗದಷ್ಟು ಕಠಿಣವಾಗಿದ್ದುದರಿಂದ, ಪರೀಕ್ಷಿಸಿ ನೋಡುವ ಅನುಕೂಲಕ್ಕಾಗಿ ಒಂದು ಗುಂಡಿ-ಕ್ರಮವನ್ನು ಸೇರಿಸಿಕೊಂಡ. ಮೇಲೆ ಮೇಲೆ, ಕೆಳಗೆ ಕೆಳಗೆ, ಎಡ ಬಲ, ಎಡ ಬಲ, ಬಿ, ಎ. ಇದು ‘ಕೊನಾಮಿ ಕೋಡ್’ ಎಂದು ಲೋಕಪ್ರಸಿದ್ಧವಾಯಿತು. ಹಷಿಮೊಟೊ 2020ರಲ್ಲಿ ತೀರಿಕೊಂಡಾಗ ಪ್ರಪಂಚದಾದ್ಯಂತ ನಡುವಯಸ್ಸಿನವರು ಆ ಹತ್ತು ಒತ್ತುಗಳನ್ನು ನೆನೆದು ಕಂಬನಿ ಮಿಡಿದರು. ಕೃತಿಕಾರನಿಗೇ ಬೇಕಾದ ಸಹಾಯ ಮಗುವಿಗೆ ಬೇಡವಾದೀತೆ?

ಹೊರಗಿನಿಂದ ಸಿಕ್ಕಿಸುವ ಸಾಧನಗಳು ಬಂದದ್ದು ಇದಾದ ಮೇಲೆ. ಇಂಗ್ಲೆಂಡಿನ ‘ಕೋಡ್‌ಮಾಸ್ಟರ್ಸ್’ ರೂಪಿಸಿ, ಅಮೆರಿಕದಲ್ಲಿ ‘ಗಲೂಬ್’ ಎಂಬ ಆಟಿಕೆಗಳ ಕಂಪನಿ ಮಾರಿದ ‘ಗೇಮ್ ಜೀನಿ’ ಇವುಗಳಲ್ಲಿ ಪ್ರಸಿದ್ಧವಾದುದು. ಆಟದ ಕಾರ್ಟ್ರಿಜ್‌ಗೂ ಯಂತ್ರಕ್ಕೂ ನಡುವೆ ಇದು ಕುಳಿತುಕೊಳ್ಳುತ್ತದೆ. ಯಂತ್ರ ಕಾರ್ಟ್ರಿಜ್‌ನ ಒಂದು ನಿರ್ದಿಷ್ಟ ಸ್ಥಾನವನ್ನು ಓದಲು ಹೋದಾಗ ಅಲ್ಲಿರುವ ಸಂಖ್ಯೆಗೆ ಬದಲಾಗಿ ತನ್ನ ಸಂಖ್ಯೆಯನ್ನು ಮುಂದಿಡುತ್ತದೆ. ಕಾರ್ಟ್ರಿಜ್‌ನೊಳಗೆ ಒಂದಕ್ಷರವೂ ಅಳಿಯುವುದಿಲ್ಲ. ಸಾಧನವನ್ನು ಕಳಚಿದರೆ ಎಲ್ಲವೂ ಮೊದಲಿನಂತೆ. ಸಂಕೇತ ಬರೆಯಲು ಹದಿನಾರು ರೋಮನ್ ಅಕ್ಷರಗಳನ್ನು ಮಾತ್ರ ಬಳಸಿದ್ದಾರೆ. ಏಕೆ ಹದಿನಾರು? ಏಕೆಂದರೆ ಇದು ಹದಿನಾರರ ಸಂಖ್ಯಾಪದ್ಧತಿ. ಎ ಎಂದರೆ 0, ಪಿ ಎಂದರೆ 1, ಝಡ್ ಎಂದರೆ 2, ಹೀಗೆ ಬೇಕೆಂದೇ ಅಕ್ಷರಮಾಲೆಯ ಕ್ರಮ ತಪ್ಪಿಸಿ ಜೋಡಿಸಿದ್ದಾರೆ. ಆರು ಅಕ್ಷರಗಳ ಒಂದು ಸಂಕೇತದೊಳಗೆ ‘ಯಾವ ಸ್ಥಾನದಲ್ಲಿ, ಯಾವ ಸಂಖ್ಯೆ’ ಎಂಬ ಎರಡು ವಿಷಯಗಳು ಅಡಗಿವೆ.

ನಮ್ಮ ಹುಡುಗನ ಕೈಗೆ ಸಿಕ್ಕ ‘ಗೇಮ್‌ಶಾರ್ಕ್’ ಇದಕ್ಕಿಂತ ತುಸು ಭಿನ್ನ. ಇಂಗ್ಲೆಂಡಿನಲ್ಲಿ ಇದರ ಜೊತೆಯದು ‘ಆ್ಯಕ್ಷನ್ ರೀಪ್ಲೇ’. ಇದು ಆಟದ ತಟ್ಟೆಯ ಗೊಡವೆಗೆ ಹೋಗುವುದಿಲ್ಲ. ಆಡುತ್ತಿರುವಾಗ ಯಂತ್ರದ ಮೆಮೊರಿಯಲ್ಲಿ ನಾಯಕನ ಪ್ರಾಣಶಕ್ತಿ, ಹಣ, ಹಂತ ಮುಂತಾದವು ಸಂಖ್ಯೆಗಳಾಗಿ ಕುಳಿತಿರುತ್ತವಲ್ಲ, ಆ ಮನೆಗಳಲ್ಲಿ ಕ್ಷಣಕ್ಷಣವೂ ನಾವು ಹೇಳಿದ ಸಂಖ್ಯೆಯನ್ನೇ ಬರೆಯುತ್ತಿರುತ್ತದೆ. ಶತ್ರು ಎಷ್ಟು ಹೊಡೆದರೂ ಮರುಕ್ಷಣ ಪ್ರಾಣಶಕ್ತಿ 9999. ಆ ಸಂಖ್ಯೆ ಸಂಕೇತದಲ್ಲಿ ‘270ಎಫ್’ ಎಂದು ಕಾಣುತ್ತದೆ. ನನ್ನ ಹಳೆಯ ವಿದ್ಯಾರ್ಥಿಗಳು ಕಾಗದ ಪೆನ್ಸಿಲು ತೆಗೆದುಕೊಳ್ಳಲಿ: 2ನ್ನು 4096ರಿಂದ, 7ನ್ನು 256ರಿಂದ, 0ಯನ್ನು 16ರಿಂದ ಗುಣಿಸಿ, ಎಫ್ ಎಂದರೆ 15ನ್ನು ಕೂಡಿ. 8192, 1792, 0, 15; ಒಟ್ಟು 9999. ಹಾಗೆಯೇ ಹಂತ 99 ಎಂಬುದು ‘63’. ಡ್ರ್ಯಾಗನ್ ಕ್ವೆಸ್ಟಿನ 65,535 ಎಂಬ ವಿಚಿತ್ರ ಸಂಖ್ಯೆಯೂ ಸುಮ್ಮನೆ ಬಂದುದಲ್ಲ. ಹದಿನಾರು ದ್ವಿಮಾನ ಸ್ಥಾನಗಳಲ್ಲಿ ಹಿಡಿಸಬಹುದಾದ ಅತಿ ದೊಡ್ಡ ಸಂಖ್ಯೆ ಅದು. ಈ ಸೊಬಗನ್ನು ಕಂಡಾಗ, ಇಂಥದೊಂದು ಸಾಧನ ನನ್ನ ತರಗತಿಯ ಮೇಜಿನ ಮೇಲೆ ಇದ್ದಿದ್ದರೆ ಎಷ್ಟು ಚೆನ್ನಾಗಿತ್ತು ಎನ್ನಿಸಿತು.

ಈಗ ಮೋಸದ ಪ್ರಶ್ನೆಗೆ ಬರೋಣ. ಈ ಪ್ರಶ್ನೆ ನ್ಯಾಯಾಲಯವನ್ನೂ ಏರಿದೆ. ಗೇಮ್ ಜೀನಿ ಮಾರಾಟವಾಗಕೂಡದೆಂದು ನಿಂಟೆಂಡೊ ಪಟ್ಟುಹಿಡಿದು, 1990ರಲ್ಲಿ ವಿವಾದ ಕ್ಯಾಲಿಫೋರ್ನಿಯಾದ ನ್ಯಾಯಾಲಯಕ್ಕೆ ಹೋಯಿತು. ಮಾರಾಟಕ್ಕೆ ತಡೆಯಾಜ್ಞೆಯೂ ಬಂದಿತು. ಆದರೆ 1991ರಲ್ಲಿ ವಿಚಾರಣೆ ಮುಗಿಸಿದ ನ್ಯಾಯಾಧೀಶೆ ಫರ್ನ್ ಸ್ಮಿತ್ ಅವರು ಗಲೂಬ್ ಪರವಾಗಿ ತೀರ್ಪಿತ್ತರು. ಹಣ ಕೊಟ್ಟು ಕೊಂಡ ಪುಸ್ತಕದ ಕೆಲವು ಪುಟಗಳನ್ನು ಬಿಟ್ಟು ಓದುವುದಕ್ಕೂ, ವಿಡಿಯೋ ಸುರುಳಿಯನ್ನು ಬೇಡದ ಕಡೆ ಮುಂದಕ್ಕೆ ಓಡಿಸುವುದಕ್ಕೂ ಅವರು ಈ ಸಾಧನದ ಬಳಕೆಯನ್ನು ಹೋಲಿಸಿದರು. 1992ರಲ್ಲಿ ಮೇಲ್ಮನವಿ ನ್ಯಾಯಾಲಯವೂ ಇದನ್ನೇ ಎತ್ತಿಹಿಡಿಯಿತು. ತಡೆಯಾಜ್ಞೆಯಿಂದಾದ ನಷ್ಟಕ್ಕೆ ಗಲೂಬ್‌ಗೆ ಸಿಕ್ಕ ಪರಿಹಾರ 1 ಕೋಟಿ 50 ಲಕ್ಷ ಡಾಲರ್.

ಕಾನೂನು ಒಪ್ಪಿದ ಮಾತ್ರಕ್ಕೆ ನೀತಿ ಒಪ್ಪಬೇಕಾಗಿಲ್ಲ ಎಂದು ನೀವು ಕೇಳಬಹುದು. ಆದರೆ ಆ ಪುಸ್ತಕದ ಹೋಲಿಕೆ ನನ್ನ ಮನಸ್ಸಿಗೆ ಒಪ್ಪಿತು. ಕುಮಾರವ್ಯಾಸ ಭಾರತವನ್ನು ಗಮಕಿಗಳು ವಾಚಿಸುವಾಗ ಹತ್ತೂ ಪರ್ವಗಳನ್ನು ಮೊದಲಿನಿಂದ ಕೊನೆಯವರೆಗೆ ಓದುವುದು ಎಲ್ಲೋ ಅಪರೂಪಕ್ಕೆ. ಒಂದು ಸಂಜೆ ಉತ್ತರನ ಪೌರುಷ, ಇನ್ನೊಂದು ಸಂಜೆ ಕರ್ಣಭೇದನ. ಕೇಳಿದವರು ಭಾರತಕ್ಕೆ ಮೋಸ ಮಾಡಿದರೆಂದು ಯಾರೂ ಅನ್ನುವುದಿಲ್ಲ.

ಮೋಸವಾಗಬೇಕಾದರೆ ಮೋಸಹೋಗುವವನೊಬ್ಬ ಬೇಕು. ಶಕುನಿಯ ದಾಳ ಮೋಸವಾದದ್ದು ಎದುರಿಗೆ ಧರ್ಮರಾಯ ಕುಳಿತಿದ್ದರಿಂದ. ಅದೇ ದಾಳವನ್ನು ಶಕುನಿ ತನ್ನ ಬಿಡಾರದಲ್ಲಿ ಒಬ್ಬನೇ ಕುಳಿತು ಉರುಳಿಸಿಕೊಂಡಿದ್ದರೆ ಭಾರತವೇ ನಡೆಯುತ್ತಿರಲಿಲ್ಲ. ಪರೀಕ್ಷೆಯಲ್ಲಿ ನಕಲು ಮಾಡುವುದು ಏಕೆ ಅಪರಾಧ? ಎಸ್‌ಎಸ್‌ಎಲ್‌ಸಿ ಅಂಕಪಟ್ಟಿಯನ್ನು ನಂಬಿ ಇನ್ನೊಬ್ಬರು ಸೀಟು ಕೊಡುತ್ತಾರೆ, ಕೆಲಸ ಕೊಡುತ್ತಾರೆ. ಆ ಸೀಟು ಸಿಗಬೇಕಾಗಿದ್ದ ಪ್ರಾಮಾಣಿಕ ಹುಡುಗಿಯೊಬ್ಬಳು ಹೊರಗುಳಿಯುತ್ತಾಳೆ. ಇಷ್ಟು ವರ್ಷ ಪರೀಕ್ಷಾ ಕೊಠಡಿಗಳಲ್ಲಿ ಅಡ್ಡಾಡಿ ಚೀಟಿಗಳನ್ನು ಕಿತ್ತುಕೊಂಡವನು ನಾನು. ಆ ವಿಷಯದಲ್ಲಿ ನನ್ನ ನಿಲುವು ಎಳ್ಳಷ್ಟೂ ಸಡಿಲವಾಗಿಲ್ಲ. ಆದರೆ ನೆಲಮಾಳಿಗೆಯಲ್ಲಿ ಒಬ್ಬನೇ ಕುಳಿತ ಹುಡುಗ ತೆರೆಯ ಮೇಲಣ ರಾಕ್ಷಸನನ್ನು ಒಂದೇ ಪೆಟ್ಟಿಗೆ ಕೆಡವಿದರೆ ಯಾರ ಸೀಟು ಹೋಯಿತು? ಎರಡಕ್ಕೂ ಇಂಗ್ಲಿಷಿನಲ್ಲಿ ‘ಚೀಟ್’ ಎಂಬ ಒಂದೇ ಪದವಿರುವುದರಿಂದ ಎರಡೂ ಒಂದೇ ಎಂದು ನಾವು ಭಾವಿಸಬೇಕಾಗಿಲ್ಲ.

ಎದುರಿಗೆ ಇನ್ನೊಬ್ಬನಿದ್ದಾಗ ಮಾತು ಬೇರೆ. ಇದಕ್ಕೆ ‘ಪೋಕೆಮಾನ್’ ಆಟ ಒಳ್ಳೆಯ ನಿದರ್ಶನ. 1996ರಲ್ಲಿ ಜಪಾನಿನಲ್ಲಿ ಹೊರಬಂದ ಈ ಆಟದಲ್ಲಿ ಮಕ್ಕಳು ಪ್ರಾಣಿಗಳನ್ನು ಹಿಡಿದು ಸಾಕಿ, ಎರಡು ಯಂತ್ರಗಳ ನಡುವೆ ತಂತಿ ಜೋಡಿಸಿ ಪರಸ್ಪರ ವಿನಿಮಯ ಮಾಡಿಕೊಳ್ಳುತ್ತಾರೆ. ‘ಮ್ಯೂ’ ಎಂಬ 151ನೆಯ ಪ್ರಾಣಿಯನ್ನು ಆಟದ ತಯಾರಕರಲ್ಲೊಬ್ಬನಾದ ಶಿಗೆಕಿ ಮೊರಿಮೊಟೊ ಕೊನೆಯ ಗಳಿಗೆಯಲ್ಲಿ, ಉಳಿದಿದ್ದ ತುಸು ಜಾಗದಲ್ಲಿ ತುರುಕಿದ. ಆಟದ ಸಹಜ ಕ್ರಮದಲ್ಲಿ ಅದು ಯಾರಿಗೂ ಎದುರಾಗುವಂತಿರಲಿಲ್ಲ. ಜಪಾನಿನ ಒಂದು ಮಕ್ಕಳ ಪತ್ರಿಕೆಯ ಮೂಲಕ ಮೊದಲ ಸಲ ಅದನ್ನು ಹಂಚಿದಾಗ ಸಿಕ್ಕಿದ್ದು ಇಪ್ಪತ್ತೇ ಮಂದಿಗೆ. ಮಿಕ್ಕ ಲಕ್ಷಾಂತರ ಮಕ್ಕಳಲ್ಲಿ ಒಬ್ಬ ಗೇಮ್‌ಶಾರ್ಕ್ ಸಿಕ್ಕಿಸಿ ಮ್ಯೂವನ್ನು ತನ್ನ ಪರದೆಗೆ ಕರೆಸಿಕೊಂಡರೆ ನಾನು ತಪ್ಪೆನ್ನಲಾರೆ. ದೂರದ ಊರಿನ ಮಗುವಿಗೆ ಹೆದ್ದಾರಿಯೇ ಇಲ್ಲದಿದ್ದಾಗ ಒಳದಾರಿಯೊಂದೇ ದಾರಿ. ಆದರೆ ಹಾಗೆ ತರಿಸಿದ ಮ್ಯೂವನ್ನು ಅಸಲಿ ಎಂದು ಹೇಳಿ, ಗೆಳೆಯ ತಿಂಗಳುಗಟ್ಟಲೆ ಸಾಕಿದ ಪ್ರಾಣಿಯನ್ನು ಅದಕ್ಕೆ ಬದಲಾಗಿ ಪಡೆದರೆ ಅದು ಶುದ್ಧ ಕಳ್ಳಾಟ. ಸಾಧನ ಅದೇ, ಸಂಕೇತ ಅದೇ. ಒಂದು ಸುಳ್ಳು ಮಾತು ಸೇರಿದ್ದರಿಂದ ಒಳದಾರಿ ಅಡ್ಡದಾರಿಯಾಯಿತು.

ನನ್ನ ವಿದ್ಯಾರ್ಥಿಯ ಆಕ್ಷೇಪಣೆಯಲ್ಲಿ ಇನ್ನೊಂದು ಅಂಶವಿದೆ, ಅದನ್ನು ಹಗುರಾಗಿ ತಳ್ಳಿಹಾಕುವಂತಿಲ್ಲ. “ಯಾರಿಗೂ ಮೋಸವಾಗದಿದ್ದರೂ ತನಗೆ ತಾನೇ ಮೋಸ ಮಾಡಿಕೊಂಡ ಹಾಗಲ್ಲವೇ, ಮೇಷ್ಟ್ರೇ? ನಾನು ಪಟ್ಟ ಆ ಸಂತೋಷ ಅವನಿಗೆ ಸಿಗಲೇ ಇಲ್ಲವಲ್ಲ” ಎಂದು ಅವನು ಬರೆದಿದ್ದಾನೆ. ಇದು ನಿಜ. ಈ ಆಟಗಳ ಸ್ವಾರಸ್ಯದ ಒಂದು ಪಾಲು ಇರುವುದು ದುರ್ಬಲನಾದವನು ಬಲಿಷ್ಠನಾಗುವುದರಲ್ಲಿ. ಡ್ರ್ಯಾಗನ್ ಕ್ವೆಸ್ಟಿನಲ್ಲಿ ಮೊದಲ ದಿನ ನಮ್ಮನ್ನು ಸಾಯಿಸುವ ಪ್ರಾಣಿಗಳೇ ನಾವು ಬೆಳೆದ ಮೇಲೆ ನಮ್ಮನ್ನು ಕಂಡು ಓಡಿಹೋಗುತ್ತವೆ. ಮೊದಲ ದಿನವೇ 9999 ಶಕ್ತಿಯಿಂದ ಹೊರಟವನಿಗೆ ಅವು ಓಡುವುದರಲ್ಲಿ ಏನು ವಿಶೇಷ? ಒಳದಾರಿಯಲ್ಲಿ ಬಂದವನು ಹೆದ್ದಾರಿಯ ಬದಿಯ ಆಲದಮರವನ್ನು ಕಾಣಲಿಲ್ಲವೆಂಬುದು ಅವನಿಗಾದ ನಷ್ಟವೇ ಸರಿ. ಆದರೆ ನಷ್ಟವನ್ನು ನಷ್ಟವೆಂದು ಕರೆಯೋಣ, ಪಾಪವೆನ್ನುವುದು ಬೇಡ. ನಷ್ಟಪಟ್ಟ ಮಗುವಿಗೆ ಬೇಕಾದದ್ದು ಆಲದಮರವನ್ನು ತೋರಿಸುವ ಹಿರಿಯನೊಬ್ಬ. ಶಿಕ್ಷೆಯಿಂದ ಮರ ಕಾಣುವುದಿಲ್ಲ.

ಗಣಿತ ಪುಸ್ತಕದ ಕೊನೆಯಲ್ಲಿ ಉತ್ತರಗಳನ್ನು ಅಚ್ಚು ಮಾಡಿರುತ್ತಾರೆ. ಆ ಪುಟವನ್ನು ಹರಿದುಹಾಕುವ ಮೇಷ್ಟರೂ ಇದ್ದರು. ನಾನು ಹರಿಯುತ್ತಿರಲಿಲ್ಲ. ಉತ್ತರ ನೋಡಿ ಬರೆದಿಟ್ಟು ಪುಸ್ತಕ ಮುಚ್ಚುವ ಹುಡುಗನೊಬ್ಬ, ಉತ್ತರ ನೋಡಿ “ಇದು ಹೇಗೆ ಬಂತು?” ಎಂದು ಹಿಂದಕ್ಕೆ ನಡೆಯುವ ಹುಡುಗನೊಬ್ಬ. ಪುಟ ಒಂದೇ. ಎರಡನೆಯವನು ಎಷ್ಟೋ ಸಲ ನೇರವಾಗಿ ಲೆಕ್ಕ ಮಾಡಿದವನಿಗಿಂತ ಹೆಚ್ಚು ಕಲಿತದ್ದನ್ನು ಕಂಡಿದ್ದೇನೆ. ಹಾಗಾಗಿ ಈ ಹುಡುಗ ಯಾವ ಬಗೆಯವನೆಂದು ತಿಳಿಯುವ ಆಸೆಯಾಗಿ, ತಂದೆಯ ಒಪ್ಪಿಗೆ ಪಡೆದು ಅವನಿಗೇ ನಾಲ್ಕು ಸಾಲು ಬರೆದು ಕೇಳಿದೆ: “ಸತ್ತವಳನ್ನು ಬದುಕಿಸಿದೆಯಂತಲ್ಲ ಮರಿ, ಆಮೇಲೆ ಏನಾಯಿತು?”

ಇಲ್ಲಿ ಆ ಆಟದ ವಿಷಯ ಸ್ವಲ್ಪ ಹೇಳಬೇಕು. ಅದು 1997ರಲ್ಲಿ ಹೊರಬಂದ ‘ಫೈನಲ್ ಫ್ಯಾಂಟಸಿ 7’. ಮೂರು ತಟ್ಟೆಗಳಷ್ಟು ದೊಡ್ಡ ಕಥೆ. ಅದರಲ್ಲಿ ಏರಿತ್ ಎಂಬ ಹೂಮಾರುವ ಹೆಣ್ಣುಮಗಳು ನಾಯಕನ ಜೊತೆಗೂಡುತ್ತಾಳೆ. ಆಡುವವರು ಗಂಟೆಗಟ್ಟಲೆ ಅವಳ ಹಂತ ಏರಿಸಿ, ಅವಳಿಗೆ ಆಯುಧ ಕೊಡಿಸಿ, ಮಮತೆಯಿಂದ ಬೆಳೆಸಿರುತ್ತಾರೆ. ಮೊದಲ ತಟ್ಟೆ ಮುಗಿಯುವಷ್ಟರಲ್ಲಿ ಖಳನಾಯಕ ಅವಳನ್ನು ಕೊಲ್ಲುತ್ತಾನೆ. ಆಟದ ಉದ್ದಕ್ಕೂ ಬಿದ್ದವರನ್ನು ಎಬ್ಬಿಸುವ ಔಷಧಿ ಕೈಯಲ್ಲೇ ಇರುತ್ತದೆ, ಆದರೆ ಈ ಸಾವಿಗೆ ಅದು ನಾಟುವುದಿಲ್ಲ. ನಿಜಜೀವನದ ಸಾವು ಹೀಗೆಯೇ ಹೇಳದೆ ಬಂದು ಬರಿದುಮಾಡಿ ಹೋಗುತ್ತದೆಂಬ ಭಾವವನ್ನು ತರುವುದು ತಮ್ಮ ಉದ್ದೇಶವಾಗಿತ್ತೆಂದು ಅದನ್ನು ರೂಪಿಸಿದವರು ಮುಂದೆ ಹೇಳಿದ್ದಾರೆ. ಅವಳನ್ನು ಬದುಕಿಸುವ ಗುಟ್ಟೊಂದು ಎಲ್ಲೋ ಇದೆಯೆಂಬ ವದಂತಿ ವರ್ಷಗಟ್ಟಲೆ ಹರಡಿತ್ತು. ಅಂಥ ಗುಟ್ಟು ಆಟದಲ್ಲಿ ಇಲ್ಲ. ಗೇಮ್‌ಶಾರ್ಕ್ ಇದ್ದವರು ಮಾತ್ರ ತಂಡದ ಪಟ್ಟಿಯಲ್ಲಿ ಅವಳ ಸಂಖ್ಯೆಯನ್ನು ಬರೆದು ಅವಳನ್ನು ಮತ್ತೆ ಕರೆತರಬಲ್ಲರು.

ಹುಡುಗನ ಉತ್ತರ ಇಂಗ್ಲಿಷಿನಲ್ಲಿ ಬಂದಿತು. ಅದರ ಸಾರಾಂಶ ಇಷ್ಟು: “ತಾತ, ಅವಳು ಬಂದಳು. ಹೋರಾಟದಲ್ಲಿ ನಮ್ಮ ಪಕ್ಕದಲ್ಲೇ ನಿಂತಿದ್ದಳು. ಆದರೆ ಕಥೆಯಲ್ಲಿ ಯಾರೂ ಅವಳ ಜೊತೆ ಮಾತನಾಡಲಿಲ್ಲ. ಅವಳಿದ್ದ ಹಾಗೆಯೇ ಅವಳು ಸತ್ತುಹೋದಳೆಂದು ದುಃಖಪಡುತ್ತಿದ್ದರು. ನನಗೆ ಒಂಥರಾ ಆಯಿತು. ಆ ಕೋಡ್ ತೆಗೆದುಬಿಟ್ಟೆ. ಆಮೇಲೆ ಅವಳಿಲ್ಲದೆಯೇ ಮುಂದೆ ಹೋದೆ.”

ಇದನ್ನು ಓದಿ ನಾನು ಬಹಳ ಹೊತ್ತು ಸುಮ್ಮನೆ ಕುಳಿತೆ. ಬರೆದುಳಿದ ಒಂದೆರಡು ಮಾತುಗಳನ್ನು ಬಿಟ್ಟರೆ ಮುಂದಿನ ಕಥೆಯಲ್ಲಿ ಆಕೆಗೆ ನಿಜಕ್ಕೂ ಪಾತ್ರವಿಲ್ಲವೆಂದು ಬಲ್ಲವರೂ ಹೇಳಿದರು. ಸಂಕೇತ ಸಂಖ್ಯೆಯನ್ನು ಬದಲಿಸಬಲ್ಲುದು, ಕಥೆಯನ್ನು ಬದಲಿಸಲಾರದು. ಈ ಪಾಠವನ್ನು ಆ ಹುಡುಗ ಯಾವ ಉಪದೇಶವೂ ಇಲ್ಲದೆ, ತಾನೇ ಕೈಯಾಡಿಸಿ ಕಲಿತ. ಪ್ರಾಮಾಣಿಕವಾಗಿ ಅರವತ್ತು ಗಂಟೆ ಆಡಿದ ಅವನ ತಂದೆ ಏರಿತ್‌ಗಾಗಿ ಮರುಗಿದ. ಎರಡು ದಿನದಲ್ಲಿ ಓಡಿದ ಮಗನೂ ಮರುಗಿದ, ಬೇರೊಂದು ಬಾಗಿಲಿನಿಂದ ಒಳಗೆ ಹೋಗಿ.

ನನ್ನ ವಿದ್ಯಾರ್ಥಿಗೆ ನಾನು ಬರೆದ ಉತ್ತರವನ್ನು ಇಲ್ಲಿ ಸಂಕ್ಷೇಪವಾಗಿ ಕೊಡುತ್ತೇನೆ. ಇಂಥದೇ ಪ್ರಶ್ನೆಯಿರುವ ಇತರರಿಗೂ ಉಪಯೋಗವಾದೀತು. ಯಂತ್ರವನ್ನು ಹಿಂದಿರುಗಿಸು. ಹಾಗೆಂದು ಗೇಮ್‌ಶಾರ್ಕನ್ನು ಬಚ್ಚಿಡಬೇಡ. ಅದರ ಸಂಕೇತಗಳನ್ನು ಮಗನೊಡನೆ ಕುಳಿತು ಬಿಡಿಸು. ನಿನಗೆ ಹದಿನಾರರ ಪದ್ಧತಿ ಚೆನ್ನಾಗಿ ಗೊತ್ತಿದೆಯಲ್ಲ, ಅದು ಅವನಿಗೂ ಬರಲಿ. ಬಳಿಕ ಇನ್ನೊಂದು ಆಟವನ್ನು, ಚಿಕ್ಕದಾದರೂ ಸರಿ, ಸಂಕೇತವಿಲ್ಲದೆ ಇಬ್ಬರೂ ಸೇರಿ ಆಡಿರಿ. ನೀನು ಪಟ್ಟ ಸಂತೋಷ ಎಂಥದೆಂದು ಹೇಳಿ ತಿಳಿಸಲಾಗದು, ಅವನ ಪಕ್ಕದಲ್ಲಿ ಕುಳಿತು ತೋರಿಸಬೇಕು. ಮತ್ತು ಒಂದು ಮಾತು ಕಣಯ್ಯಾ: ನಿನ್ನ ಕೋಪದ ಒಂದು ಪಾಲು ನಿನ್ನ ಅರವತ್ತು ಗಂಟೆಗಳಿಗೆ ಬೆಲೆಯಿಲ್ಲದಾಯಿತೆಂಬ ನೋವಿನದು. ಅವುಗಳ ಬೆಲೆ ಎಲ್ಲಿಗೂ ಹೋಗಿಲ್ಲ. ಮಗ ಬೇಗ ಮುಗಿಸಿದ ಮಾತ್ರಕ್ಕೆ ನೀನು ನಿಧಾನವಾಗಿ ಕಂಡದ್ದು ಅಳಿಸಿಹೋಗುವುದಿಲ್ಲ.

ಮಕ್ಕಳ ಮಾತಾಯಿತು. ದೊಡ್ಡವರ ವಿಷಯದಲ್ಲಿ ನನ್ನ ಅಭಿಪ್ರಾಯ ಇನ್ನೂ ಉದಾರವಾದುದು. ಹಳೆಯ ಕಾರ್ಟ್ರಿಜ್‌ಗಳಲ್ಲಿ ಆಡಿದ್ದನ್ನು ಉಳಿಸಿಡಲು ಒಂದು ಗುಂಡುಬಿಲ್ಲೆಯಂಥ ಬ್ಯಾಟರಿ ಇರುತ್ತದೆ. ಅದರ ಆಯುಷ್ಯ ಮುಗಿದರೆ ಉಳಿಸಿದ್ದೆಲ್ಲವೂ ಅಳಿಯುತ್ತದೆ. 1999ರಲ್ಲಿ ಬಂದ ಪೋಕೆಮಾನ್ ಗೋಲ್ಡ್ ಮತ್ತು ಸಿಲ್ವರ್ ಆಟಗಳಲ್ಲಿ ಗಡಿಯಾರವೂ ಅದೇ ಬ್ಯಾಟರಿಯಿಂದ ನಡೆಯುತ್ತಿದ್ದುದರಿಂದ ಅದು ಇನ್ನೂ ಬೇಗ ಬರಿದಾಗುತ್ತದೆ. ಬಾಲ್ಯದಲ್ಲಿ ನೂರು ಗಂಟೆ ದುಡಿದು ಗಳಿಸಿದ್ದನ್ನು ಹೀಗೆ ಕಳೆದುಕೊಂಡ ನಲವತ್ತು ವರ್ಷದವನು ಸಂಕೇತ ಬರೆದು ಅದನ್ನು ಮರಳಿ ಪಡೆದರೆ ಅದು ತನ್ನದನ್ನೇ ತಾನು ಪಡೆದಂತೆ. ಕೈ ನಡುಗುವವರು, ಕಣ್ಣು ಮಂದವಾದವರು, ದಿನಕ್ಕೆ ಅರ್ಧ ಗಂಟೆಯೂ ಬಿಡುವಿಲ್ಲದ ತಾಯಂದಿರು ಕಥೆಯನ್ನಷ್ಟೇ ನೋಡಲು ಬಯಸಿದರೆ ಅವರಿಗೆ ಸಾವಿರ ಸಣ್ಣ ಹೋರಾಟಗಳ ಸುಂಕ ವಿಧಿಸಬೇಕೇಕೆ?

ಕಾಲವೂ ಇದನ್ನು ಒಪ್ಪಿದಂತಿದೆ. ಹಿಂದೆ ಸೋನಿ ತನ್ನ ಪ್ಲೇಸ್ಟೇಷನ್ನಿನ ಕೊನೆಕೊನೆಯ ಮಾದರಿಗಳಲ್ಲಿ ಗೇಮ್‌ಶಾರ್ಕ್ ಸಿಕ್ಕಿಸುತ್ತಿದ್ದ ಹಿಂಬದಿಯ ಕಿಂಡಿಯನ್ನೇ ತೆಗೆದುಹಾಕಿತ್ತು. ಆದರೆ 2015ರಲ್ಲಿ ಅದೇ ಫೈನಲ್ ಫ್ಯಾಂಟಸಿ 7 ಸೋನಿಯ ಹೊಸ ಯಂತ್ರಕ್ಕೆ ಮರಳಿ ಬಂದಾಗ ಮೂರು ಪಟ್ಟು ವೇಗದಲ್ಲಿ ಓಡಿಸುವ, ಹೋರಾಟಗಳೇ ಎದುರಾಗದಂತೆ ಮಾಡುವ, ಪ್ರಾಣಶಕ್ತಿ ತುಂಬಿಕೊಳ್ಳುವ ಸೌಲಭ್ಯಗಳನ್ನು ಪ್ರಕಾಶಕರೇ ಅದರೊಳಗೆ ಇಟ್ಟಿದ್ದರು. ಆ ಸರಣಿಯ ಮೊದಲ ಆರು ಆಟಗಳು 2023ರಲ್ಲಿ ಮನೆಯ ಯಂತ್ರಗಳಿಗೆ ಮರಳಿದಾಗ ಅನುಭವಾಂಕಗಳನ್ನು ನಾಲ್ಕು ಪಟ್ಟು ಹೆಚ್ಚಿಸಿಕೊಳ್ಳುವ ಏರ್ಪಾಡೂ ಇತ್ತು. ಅಂದು ಹೊರಗಿನವರು ಬೇಲಿ ಹಾರಿ ತೋಡಿದ ಒಳದಾರಿಗೆ ಇಂದು ಯಜಮಾನನೇ ಕಲ್ಲು ಹಾಸಿ ನಾಮಫಲಕ ನಿಲ್ಲಿಸಿದ್ದಾನೆ.

ಒಂದು ಎಚ್ಚರಿಕೆಯನ್ನು ಮಾತ್ರ ಹೇಳಬೇಕು. ಒಳದಾರಿ ಇದೆಯೆಂದು ಎಲ್ಲೆಡೆಯೂ ಅದನ್ನೇ ಹುಡುಕುವ ಚಟ ಮಕ್ಕಳಿಗೆ ಅಂಟಬಾರದು. ಆಟದಲ್ಲಿ 9999 ಎಂದು ಬರೆದರೆ ಬಲ ಬರುತ್ತದೆ. ಸಂಗೀತದಲ್ಲಿ, ಓದಿನಲ್ಲಿ, ಅಡುಗೆಯಲ್ಲಿ ಹಾಗೆ ಬರೆಯಬಹುದಾದ ಮೆಮೊರಿಯ ಮನೆ ಯಾವುದೂ ಇಲ್ಲ. ಸರಳೆವರಸೆಯನ್ನು ನೂರು ಸಲ ಹಾಡಿದಾಗ ಬೆಳೆಯುವುದು ತೆರೆಯ ಮೇಲಣ ಸಂಖ್ಯೆಯಲ್ಲ, ಹಾಡುವವಳ ಕಂಠ. ಯಾವ ದುಡಿಮೆ ನಮ್ಮನ್ನು ಬೆಳೆಸುತ್ತದೆ, ಯಾವುದು ಬರಿಯ ಎಣಿಕೆಯನ್ನು ಬೆಳೆಸುತ್ತದೆ ಎಂಬ ವಿವೇಚನೆಯನ್ನು ಮಗುವಿಗೆ ಕಲಿಸಿದರೆ ಸಾಕು; ಸಾಧನವನ್ನು ಅದರ ಕೈಯಲ್ಲೇ ಬಿಡಬಹುದು.

ಸಂಕೇತ ಬರೆಯುವ ಮುನ್ನ ಮಗು ತನ್ನನ್ನು ತಾನೇ ಮೂರು ಪ್ರಶ್ನೆ ಕೇಳಿಕೊಳ್ಳಲಿ. ಎದುರಿಗೆ ಇದನ್ನು ನಂಬಿ ಆಡುತ್ತಿರುವ ಇನ್ನೊಬ್ಬರಿದ್ದಾರೆಯೆ? ಇದರಿಂದ ನಾನು ಬಿಟ್ಟುಕೊಡುತ್ತಿರುವುದು ಏನೆಂದು ನನಗೆ ಗೊತ್ತಿದೆಯೆ? ಯಾರಾದರೂ ಕೇಳಿದರೆ “ಹೌದು, ಒಳದಾರಿಯಲ್ಲಿ ಬಂದೆ” ಎಂದು ನಾಚದೆ ಹೇಳಬಲ್ಲೆನೆ? ಮೊದಲನೆಯದಕ್ಕೆ ಇಲ್ಲವೆಂದೂ ಉಳಿದೆರಡಕ್ಕೆ ಹೌದೆಂದೂ ಉತ್ತರ ಬಂದರೆ ಧಾರಾಳವಾಗಿ ಬರೆಯಲಿ.

ತೊಂಬತ್ತರ ದಶಕದಲ್ಲಿ ಇಂಥ ಆಟಗಳನ್ನು ಆಡಿದ ನನ್ನ ವಿದ್ಯಾರ್ಥಿಗಳು ಇನ್ನೂ ಕೆಲವರು ಇರಬಹುದು. ಅವರ ಅನುಭವಗಳನ್ನು ತಿಳಿಯುವ ಕುತೂಹಲ ನನಗಿದೆ. ಬರೆಯುವವರು 65,535ನ್ನು ಹದಿನಾರರ ಪದ್ಧತಿಯಲ್ಲಿ ಬರೆದು ಕಳಿಸಬೇಕೆಂದು ನಿಮ್ಮ ಹಳೆಯ ಮೇಷ್ಟರ ಅಪ್ಪಣೆ. ಉತ್ತರದ ಪುಟವನ್ನು ನೋಡಿಕೊಂಡು ಬರೆದರೂ ಅಭ್ಯಂತರವಿಲ್ಲ.